ದೆವ್ವ ನಡುಗಬಾರದು

ಬಣ್ಣದತ್ತೆಗೆ ಹುಬ್ಬುಗಳಿರಲಿಲ್ಲ. ಹುಬ್ಬಿರಬೇಕಾದ ಜಾಗದಲ್ಲಿ ಚರ್ಮ ಸ್ವಲ್ಪ ಹೊಳೆಯುತ್ತಿತ್ತು, ಹಳೆಯ ಗಾಯ ಮಾಗಿದ ಕಡೆ ಹೊಳೆಯುತ್ತದಲ್ಲ, ಹಾಗೆ. ಬೆಳಿಗ್ಗೆ ಅಂಗಡಿಯ ಬಾಗಿಲು ತೆಗೆಯುವ ಮೊದಲು ಗೋಡೆಗನ್ನಡಿಯ ಮುಂದೆ ನಿಂತು ಕಪ್ಪು ಪೆನ್ಸಿಲಿನಲ್ಲಿ ಎರಡೂ ಹುಬ್ಬು ಬರೆದುಕೊಳ್ಳುತ್ತಿದ್ದರು. ಎಡಗಡೆಯದು ಮೊದಲು. ಸರಿ ಬರದಿದ್ದರೆ ಹೆಬ್ಬೆರಳಿಗೆ ಕೊಬ್ಬರಿ ಎಣ್ಣೆ ಮುಟ್ಟಿಸಿ ಒರೆಸಿ ಮತ್ತೆ ಬರೆಯುತ್ತಿದ್ದರು. ಹುಬ್ಬು ಬರೆದುಕೊಳ್ಳದ ಅವರ ಮುಖವನ್ನು ಚಿಕ್ಕವಳಿದ್ದಾಗ ಒಂದು ಸಲ ನೋಡಿದ ನೆನಪು. ಏನೋ ಕೇಳಿ ಬೆಚ್ಚಿಬಿದ್ದು, ಹಾಗೇ ಉಳಿದುಬಿಟ್ಟ ಮುಖ.

"ಮದ್ರಾಸಲ್ಲಿ ಕಿತ್ತು ಕಿತ್ತು ಸಣ್ಣ ಮಾಡಿದ್ರು ಮಾರಾಯ್ತಿ, ಆಮೇಲೆ ಹುಟ್ಟಲೇ ಇಲ್ಲ. ಸಿನಿಮಾದಿಂದ ನಾನು ಊರಿಗೆ ತಂದಿದ್ದು ಇದೊಂದೇ" ಎಂದು ನಗುತ್ತಿದ್ದರು.

ಒಂದು ಸಲ ನೋಡಿದ ನೆನಪು ಎಂದು ಬರೆದೆ. ನಿಜವಾಗಿ ನೋಡಿದ್ದೆನೋ, ಅಥವಾ ಕಳೆದ ವರ್ಷ ತೀರ್ಥಹಳ್ಳಿಯಲ್ಲಿ ನೋಡಿದ ಮುಖವನ್ನೇ ಹಿಂದಕ್ಕೆ ಒಯ್ದು ಬಾಲ್ಯದಲ್ಲಿ ಇಟ್ಟುಕೊಂಡಿದ್ದೇನೋ, ಖಚಿತವಾಗಿ ಹೇಳಲಾರೆ. ಅವರ ವಿಷಯದಲ್ಲಿ ನನ್ನ ನೆನಪನ್ನು ನಾನು ನಂಬುವುದನ್ನು ಬಿಟ್ಟಿದ್ದೇನೆ. ಯಾಕೆ ಬಿಟ್ಟೆ ಎನ್ನುವುದನ್ನೇ ಹೇಳಲು ಹೊರಟಿದ್ದೇನೆ.

ಸಾಗರದ ಬಸ್ ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ಅವರದು ನಾಟಕದ ಉಡುಪು ಬಾಡಿಗೆಗೆ ಕೊಡುವ ಅಂಗಡಿ. ಮುಂದೆ ಅಂಗಡಿ, ಹಿಂದೆ ಮನೆ. ಅದರ ಪಕ್ಕದ್ದೇ ನಮ್ಮ ಮನೆ. ಸಾಗರ, ಹೊಸನಗರ, ತೀರ್ಥಹಳ್ಳಿ ಕಡೆಯ ಶಾಲೆಗಳಲ್ಲಿ ವಾರ್ಷಿಕೋತ್ಸವ ಎಂದರೆ ಕಿರೀಟ, ಗದೆ, ನವಿಲುಗರಿ ಅಲ್ಲಿಂದಲೇ ಹೋಗಬೇಕು. ಡಿಸೆಂಬರ್ ಬಂತೆಂದರೆ ಅವರ ಹಿತ್ತಿಲ ತಂತಿಯ ಮೇಲೆ ಹನುಮಂತನ ಬಾಲಗಳು ಸಾಲಾಗಿ ಒಣಗುತ್ತಿದ್ದವು. ಬಟ್ಟೆ ಕೊಟ್ಟು ಸುಮ್ಮನಾಗುವವರಲ್ಲ, ಬಣ್ಣ ಹಚ್ಚಲು ತಾವೇ ಪೆಟ್ಟಿಗೆ ಹಿಡಿದು ಬಸ್ಸು ಹತ್ತುತ್ತಿದ್ದರು. ಹಾಗಾಗಿ ಆ ಕಡೆಯ ಮಕ್ಕಳಿಗೆಲ್ಲ ಅವರು ಬಣ್ಣದತ್ತೆ. ನಮಗೆ ಅವರು ನೆಂಟರಲ್ಲ, ಆದರೂ ನಾನು ಕರೆಯುತ್ತಿದ್ದದ್ದು ಅತ್ತೆ ಎಂದೇ.

ಮಕ್ಕಳ ಗಲ್ಲವನ್ನು ಎರಡು ಬೆರಳಲ್ಲಿ ಹಿಡಿದು ಮುಖ ಮೇಲೆತ್ತಿ, "ಅಲ್ಲಾಡಬೇಡ, ರಾವಣ ಅಲ್ಲಾಡೂದಿಲ್ಲ" ಎನ್ನುವರು. ಮೀಸೆ ಅಂಟಿಸುವಾಗ ಅಳುವ ಮಗುವಿಗೆ, "ಅತ್ರೆ ಮೀಸೆ ಕೆಳಗೆ ಇಳಿದು ಗಡ್ಡ ಆಗುತ್ತೆ, ಆಮೇಲೆ ನಿನ್ನ ಋಷಿ ಪಾರ್ಟಿಗೆ ಕಳಿಸ್ತಾರೆ ನೋಡು" ಎನ್ನುವರು. ಬಾಡಿಗೆಗೆ ಹೋದ ಉಡುಪು ಹರಿದು ಬಂದರೆ ಬೈಯುತ್ತಿರಲಿಲ್ಲ. ಹರಿಯದೆ, ಮಡಿಕೆ ಕೆಡದೆ ಬಂದರೆ ಮೇಷ್ಟರನ್ನು ನಿಲ್ಲಿಸಿ ಕೇಳುತ್ತಿದ್ದರು: "ಎಂತ ಮೇಷ್ಟ್ರೇ, ಮಕ್ಕಳು ಕುಣೀಲೇ ಇಲ್ವಾ?"

ಕೋಣಂದೂರಿನ ಹತ್ತಿರ ಗೇಣಿಗೆ ಗದ್ದೆ ಮಾಡುತ್ತಿದ್ದ ಮನೆಯ ಮಗಳು. ಊರಿಗೆ ನಾಟಕದ ಕಂಪನಿಯೊಂದು ಬಂದು ಡೇರೆ ಹಾಕಿತ್ತು, ಅದು ಡೇರೆ ಕಿತ್ತುಕೊಂಡು ಹೊರಟ ದಿನ ಇವರೂ ಹೊರಟಿದ್ದರು. ಅಲ್ಲಿಂದ ಮದ್ರಾಸು. ಮದ್ರಾಸಿನಲ್ಲಿ ದೊಡ್ಡ ನಟಿಯೇನೂ ಆಗಲಿಲ್ಲ. ಕೆಲವು ದೆವ್ವದ ಸಿನಿಮಾ ಮಾಡಿದರು. ಒಂದು ಭಾಷೆಯಲ್ಲಿ ತೆಗೆದು ನಾಲ್ಕು ಭಾಷೆಗೆ ಮಾತು ಕೂರಿಸುವಂಥವು, ಸಣ್ಣ ಊರಿನ ಟಾಕೀಸುಗಳಲ್ಲಿ ಬೆಳಗಿನ ಆಟಕ್ಕೆ ಮಾತ್ರ ಬರುವಂಥವು. ಸಾಗರದ ಗೋಡೆಗಳ ಮೇಲೂ ಆ ಪೋಸ್ಟರುಗಳು ಬಂದಿದ್ದವಂತೆ. ಆಮೇಲೆ ಅದೂ ನಿಂತು, ವಾಪಸು ಬಂದವರು ಹುಟ್ಟಿದ ಊರಿಗೆ ಹೋಗದೆ ಸಾಗರದಲ್ಲಿ ಅಂಗಡಿ ಇಟ್ಟರು. ಕೋಣಂದೂರಿನಿಂದ ಅವರ ಅಣ್ಣ ಒಬ್ಬರು ಆಗಾಗ ಬಂದು, ಅಂಗಡಿಯ ಮುಂದೆ ನಿಲ್ಲದೆ ಹಿತ್ತಿಲ ಬಾಗಿಲಿನಿಂದ ಒಳಗೆ ಹೋಗುತ್ತಿದ್ದದ್ದನ್ನು ನಾನೇ ನೋಡಿದ್ದೇನೆ.

ಅಂಥದೊಂದು ಸಿನಿಮಾದಲ್ಲಿ ಝರಿಯ ಕೆಳಗಿನ ಸ್ನಾನದ ದೃಶ್ಯವಿದ್ದದ್ದು ಊರಿಗೆಲ್ಲ ಗೊತ್ತಿತ್ತು. ದೊಡ್ಡವರು ಎದುರಿಗೆ ಹೇಳುತ್ತಿರಲಿಲ್ಲ. ಹುಡುಗರು ಬಿಡುತ್ತಿರಲಿಲ್ಲ. ಬಣ್ಣದತ್ತೆ ತರಕಾರಿ ಚೀಲ ಹಿಡಿದು ಹೋಗುವಾಗ ಸೈಕಲ್ ಅಂಗಡಿಯ ಕಟ್ಟೆಯಿಂದ ಒಬ್ಬ, "ಮಾರ್ನಿಂಗ್ ಶೋ ಹೊರಟ್ತು!" ಎಂದು ಕೂಗಿದ್ದು ನನ್ನ ಕಿವಿಯಲ್ಲಿದೆ. ಇವರು ನಿಂತು, ಚೀಲ ಕೆಳಗಿಟ್ಟು, "ಟಿಕೆಟ್ ತಗೊಂಡಿದ್ಯಾ? ಇಲ್ವಲ್ಲ, ಹಂಗಾದ್ರೆ ದಾರಿ ಬಿಡು" ಎಂದರು. ಕಟ್ಟೆಯ ಮೇಲಿದ್ದ ಉಳಿದವರೆಲ್ಲ ಅವನನ್ನೇ ನೋಡಿ ನಕ್ಕರು.

ಆ ಮಾತುಗಳು ನನಗೆ ಅರ್ಥವಾಗುವ ವಯಸ್ಸು ಬರುವ ಹೊತ್ತಿಗೆ ನನ್ನ ಬಳಿ ಒಂದು ಉತ್ತರ ಸಿದ್ಧವಾಗಿತ್ತು. ಆ ಕಾಲದ ಬೆಳಗಿನ ಆಟಗಳಲ್ಲಿ ಒಂದು ಪದ್ಧತಿಯಿತ್ತು. ಸೆನ್ಸಾರಿನವರು ನೋಡಿ ಕಳಿಸಿದ ಸಿನಿಮಾದ ನಡುವೆ, ಎಲ್ಲಿಂದಲೋ ತಂದ ವಿದೇಶಿ ಸಿನಿಮಾದ ತುಂಡನ್ನು ಅಂಟಿಸಿ ತೋರಿಸುವುದು. ಅದಕ್ಕೆ ಬಿಟ್ ಎನ್ನುತ್ತಿದ್ದರು. ಕಥೆಯ ನಾಯಕಿ ಬಾಗಿಲು ಹಾಕಿಕೊಳ್ಳುತ್ತಾಳೆ, ಮುಂದಿನ ಕ್ಷಣ ಯಾವುದೋ ದೇಶದ ಯಾರೋ ಹೆಂಗಸಿನ ಬೆನ್ನು ಕಾಣಿಸುತ್ತದೆ. ಬಣ್ಣದತ್ತೆಯ ಸಿನಿಮಾದಲ್ಲೂ ಅಂಥದ್ದೇ ಆಗಿತ್ತು. ಝರಿಯ ಕೆಳಗೆ ಸ್ನಾನ ಮಾಡುವ ಹೆಂಗಸು ಅವರಲ್ಲ, ಬ್ರೆಜಿಲ್ ದೇಶದವಳು. ಮುಖ ಮಾತ್ರ ಇವರದು.

ಇದನ್ನು ನನಗೆ ಬಣ್ಣದತ್ತೆಯೇ ಹೇಳಿದ್ದು ಎಂದು ನಾನು ಮೂವತ್ತು ವರ್ಷ ನಂಬಿದ್ದೆ. ನೆನಪು ಇಷ್ಟು ಸ್ಪಷ್ಟ: ಐದನೇ ಕ್ಲಾಸು, ಶಾಲೆಯ ವಾರ್ಷಿಕೋತ್ಸವ, ನಾನು ನವಿಲು. ಪರದೆಯ ಹಿಂದೆ ನನ್ನ ಕಾಲು ಗಡಗಡ ನಡುಗುತ್ತಿದೆ, ಗೆಜ್ಜೆ ತಾನಾಗಿಯೇ ಸದ್ದು ಮಾಡುತ್ತಿದೆ. ಅವರು ನನ್ನ ಎರಡು ಹುಬ್ಬಿನ ನಡುವೆ ಹೆಬ್ಬೆರಳು ಒತ್ತಿ ಹೇಳುತ್ತಾರೆ: "ನಾಲಿಗೆನ ಮೇಲೆ ಅಂಗುಳಿಗೆ ಒತ್ತಿ ಹಿಡ್ಕ. ಬಾಯಿ ಮುಚ್ಚಿ ಮೂಗಲ್ಲಿ ಉಸಿರು ಬಿಡು. ನಿಧಾನ. ಹಾಂ, ನಡುಕ ನಿಲ್ಲುತ್ತೆ ನೋಡು." ನಿಂತಿತು. ಆ ಧೈರ್ಯದಲ್ಲಿ ನಾನು ಕೇಳುತ್ತೇನೆ: "ಅತ್ತೆ, ಸಿನಿಮಾದಲ್ಲಿ ನೀರಲ್ಲಿ ನಿಂತಿರೋದು ನೀವಾ?" ಅವರು ನನ್ನ ಹುಬ್ಬು ತಿದ್ದುತ್ತಾ, "ಮುಖ ನಂದು. ಮಿಕ್ಕಿದ್ದೆಲ್ಲ ಬ್ರೆಜಿಲ್ ಹೆಂಗಸಿಂದು" ಎನ್ನುತ್ತಾರೆ.

ನಾಲಿಗೆಯ ವಿದ್ಯೆ ನನಗೆ ಇಂದಿನವರೆಗೂ ಕೈಕೊಟ್ಟಿಲ್ಲ. ಪರೀಕ್ಷೆಯ ಹಾಲಿನಲ್ಲಿ, ಕೆಲಸದ ಸಂದರ್ಶನದಲ್ಲಿ, ಅಪ್ಪ ತೀರಿಕೊಂಡ ದಿನ ಬಂದವರ ಮುಂದೆ, ಈಗ ಕಾಲೇಜಿನಲ್ಲಿ ಪಾಠಕ್ಕೆ ನಿಲ್ಲುವಾಗ, ನಾಲಿಗೆ ತಾನಾಗಿಯೇ ಮೇಲೆ ಹೋಗಿ ಅಂಟಿಕೊಳ್ಳುತ್ತದೆ. ಆ ನೆನಪಿನ ಉಳಿದರ್ಧ ಮಾತ್ರ ಕೈಕೊಟ್ಟಿತು.

ಬ್ರೆಜಿಲ್ ಹೆಂಗಸಿಗಾಗಿ ನಾನು ಎಷ್ಟು ಜನರ ಜೊತೆ ಜಗಳವಾಡಿದ್ದೇನೆ! ಹೈಸ್ಕೂಲಿನಲ್ಲಿ ಗೆಳತಿಯೊಬ್ಬಳ ಜಡೆ ಎಳೆದಿದ್ದೇನೆ. ಮೈಸೂರಿನಲ್ಲಿ ಎಂ.ಎ. ಓದುವಾಗ ಸಿನಿಮಾ ಬಗ್ಗೆ ಓದುವ ಹುಚ್ಚು ಹತ್ತಿದ್ದೂ ಆ ಬ್ರೆಜಿಲ್ ಹೆಂಗಸಿನಿಂದಲೇ ಇರಬೇಕು. ಇಂಟರ್ನೆಟ್ ಕೈಗೆ ಬಂದ ಮೇಲೆ ಆ ದೇಶದ ಆ ಕಾಲದ ಸಿನಿಮಾಗಳನ್ನು ಒಂದೊಂದಾಗಿ ಹುಡುಕಿ ನೋಡಿದೆ. ಅಲ್ಲಿ ಸೈನ್ಯದ ಆಡಳಿತವಿದ್ದ ವರ್ಷಗಳು. ರಾಜಕೀಯ ಮಾತಾಡಿದರೆ ಕತ್ತರಿ, ಮೈ ತೋರಿಸಿದರೆ ಅಷ್ಟೇನೂ ಇಲ್ಲ. ಹಾಸ್ಯದ ಸಿನಿಮಾ, ದೆವ್ವದ ಸಿನಿಮಾ, ರಕ್ತ ಹೀರುವವರ ಸಿನಿಮಾ ಸಾಲುಸಾಲಾಗಿ ಬಂದವು, ಎಲ್ಲದರಲ್ಲೂ ಒಂದು ಸ್ನಾನ, ಒಂದು ಕಿರುಚಾಟ. ಅವುಗಳಲ್ಲಿ ಮತ್ತೆ ಮತ್ತೆ ಕಾಣಿಸುವ ನಟಿಯೊಬ್ಬಳು ನನ್ನನ್ನು ಹಿಡಿದು ನಿಲ್ಲಿಸಿದಳು. ದೊಡ್ಡ ಕಣ್ಣು, ಒರಟು ನಗು. ಕೆಟ್ಟ ಸಿನಿಮಾದಲ್ಲೂ ಅವಳು ಇರುವಷ್ಟು ಹೊತ್ತು ಸಿನಿಮಾ ಎದ್ದು ಕೂರುತ್ತಿತ್ತು. ವಯಸ್ಸಾದ ಮೇಲೆ ಅವಳು ಅಲ್ಲಿನ ಟಿವಿ ಧಾರಾವಾಹಿಗಳಲ್ಲಿ ಅಜ್ಜಿಯ ಪಾರ್ಟು ಮಾಡುತ್ತಾ ಮನೆಮನೆಯವಳಾದಳು ಎಂದು ಓದಿದೆ.

ಅವಳದೊಂದು ದೆವ್ವದ ಸಿನಿಮಾದಲ್ಲಿ ಝರಿಯ ದೃಶ್ಯ ಸಿಕ್ಕಿತು. ಕಪ್ಪು ಬಂಡೆ, ಅಂಚಿಗೆ ಜರಿಗಿಡ, ಸೊಂಟ ದಾಟಿದ ಕೂದಲು, ಕ್ಯಾಮೆರಾಕ್ಕೆ ಬೆನ್ನು. ಬಣ್ಣದತ್ತೆಯ ಸಿನಿಮಾದ ಒಂದು ತುಂಡನ್ನೂ ಯಾರೋ ಇಂಟರ್ನೆಟ್ಟಿಗೆ ಹಾಕಿದ್ದರು, ನಕಲಿನ ನಕಲು, ಮಂಜಿನಲ್ಲಿ ನೋಡಿದ ಹಾಗಿತ್ತು. ಅದರಲ್ಲೂ ಕಪ್ಪು ಬಂಡೆ, ಜರಿಗಿಡ, ಕೂದಲು, ಬೆನ್ನು. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದೆ. ಒಂದೇ ಅನ್ನಿಸಿತು. ಅನ್ನಿಸಿತು ಎನ್ನುವುದಕ್ಕಿಂತ, ಅನ್ನಿಸಲಿ ಎಂದು ನಾನು ಕಾದುಕೊಂಡೇ ಕೂತಿದ್ದೆ.

ಲೇಖನ ಬರೆದೆ. "ಎರವಲು ಮೈ" ಎಂದು ಹೆಸರು ಕೊಟ್ಟೆ. ಎರಡು ದೇಶದ ಇಬ್ಬರು ನಟಿಯರು, ಒಬ್ಬಳ ಮೈಯನ್ನು ಕದ್ದು ಇನ್ನೊಬ್ಬಳ ಮುಖಕ್ಕೆ ಅಂಟಿಸಿದ ಕತ್ತರಿ, ಆ ಕತ್ತರಿಯ ಅವಮಾನವನ್ನು ಸಾಗರದ ಬೀದಿಯಲ್ಲಿ ಹೊತ್ತುಕೊಂಡು ತಿರುಗಿದ ಒಬ್ಬ ಹೆಂಗಸು. ಪತ್ರಿಕೆಗೆ ಕಳಿಸುವ ಮೊದಲು ಅಂಗಡಿಗೆ ಹೋಗಿ ಓದಿ ಹೇಳಿದೆ. ಬಣ್ಣದತ್ತೆ ಕಿರೀಟಕ್ಕೆ ಬಂಗಾರದ ಕಾಗದ ಅಂಟಿಸುತ್ತಾ ಕೇಳಿದರು. ಲ್ಯಾಪ್‌ಟಾಪಿನಲ್ಲಿ ಬ್ರೆಜಿಲ್‌ನವಳ ಝರಿ ತೋರಿಸಿದೆ. ಕೈ ಒರೆಸಿಕೊಂಡು ಹತ್ತಿರ ಬಂದು ನೋಡಿದರು.

"ಇವಳು ನಡುಗ್ತಾ ಇದ್ದಾಳೆ ನೋಡು" ಎಂದರು.

"ತಣ್ಣೀರಲ್ವಾ ಅತ್ತೆ."

"ಹೌದು. ತಣ್ಣೀರೇ." ಪರದೆಯಿಂದ ಕಣ್ಣು ತೆಗೆಯದೆ ಕೇಳಿದರು: "ಇವಳಿಗೆ ಇವಳ ಊರಲ್ಲಿ ಎಂತ ಅಂತಾರೆ?"

"ಎಂತ ಅಂದ್ರೆ?"

"ದಾರೀಲಿ ಹೋಗೋವಾಗ. ಜನ ಎಂತ ಅಂತಾರೆ?"

"ನಟಿ ಅಂತಾರೆ ಅತ್ತೆ."

"ಅಷ್ಟೇನಾ?"

"ಅಷ್ಟೇ."

ಅವರು ಮತ್ತೆ ಕಿರೀಟ ಎತ್ತಿಕೊಂಡರು. ನಾನು, ಲೇಖನ ಹೇಗಿದೆ ಹೇಳಿ ಎಂದು ಪೀಡಿಸಿದೆ. "ಚೆನ್ನಾಗಿ ಬರ್ದಿದ್ದಿ. ನೀರಿನ ವಿಷಯ ಚೆನ್ನಾಗಿದೆ" ಎಂದರು. ನಾನು ಅದನ್ನು ಒಪ್ಪಿಗೆ ಎಂದುಕೊಂಡೆ. ಬೇರೆ ಏನೆಂದುಕೊಳ್ಳಬೇಕಿತ್ತು?

ಲೇಖನ ಒಂದು ಮಾಸಪತ್ರಿಕೆಯಲ್ಲಿ ಬಂತು. ಫೋನಿನಿಂದ ಫೋನಿಗೆ ಹೋಯಿತು. ಯಾರ ಹೆಸರೂ ಹಾಕಿರಲಿಲ್ಲ, ಆದರೂ ನಮ್ಮ ಕಡೆಯವರಿಗೆ ಗೊತ್ತಾಗದೆ ಇರುತ್ತದೆಯೇ? ಸೈಕಲ್ ಅಂಗಡಿಯ ಕಟ್ಟೆಯಲ್ಲಿ ಕೂಗಿದವನು, ಈಗ ಅವನಿಗೂ ತಲೆ ಬೆಳ್ಳಗಾಗಿದೆ, ನಮ್ಮ ಮನೆಗೇ ಬಂದು, "ಮೇಡಂ, ನಮಗೆ ಗೊತ್ತೇ ಇರ್ಲಿಲ್ಲ, ಪಾಪ" ಎಂದು ಹೋದ. ಹೊಸನಗರದ ಒಂದು ಮಹಿಳಾ ಸಂಘದವರು ಮಹಿಳಾ ದಿನಕ್ಕೆ ಬಣ್ಣದತ್ತೆಗೆ ಸನ್ಮಾನ ಇಟ್ಟುಕೊಂಡರು. ಅವರನ್ನು ಪರಿಚಯ ಮಾಡಿಕೊಡುವ ಮಾತು ನನ್ನದು.

ಹೊರಡುವ ದಿನ ಅವರು ಹುಬ್ಬು ಬರೆದುಕೊಳ್ಳಲು ಬಹಳ ಹೊತ್ತು ತೆಗೆದುಕೊಂಡರು. ಹಸಿರು ಸೀರೆ ಉಟ್ಟಿದ್ದರು. ಬಸ್ಸಿನಲ್ಲಿ ದಾರಿಯುದ್ದಕ್ಕೂ ಯಾವ ಶಾಲೆಯ ಹೆಡ್ ಮೇಷ್ಟರು ಗದೆ ವಾಪಸು ಕೊಟ್ಟಿಲ್ಲ ಎಂದು ಹೇಳಿ ನಗಿಸಿದರು.

ಸಮುದಾಯ ಭವನ ತುಂಬಿತ್ತು, ಹೆಚ್ಚಿನವರು ಮಕ್ಕಳ ನೃತ್ಯ ನೋಡಲು ಬಂದವರು. ನಾನು ಮಾತಾಡಿದೆ. ಚಪ್ಪಾಳೆ ಬಂತು. ಆಮೇಲೆ ಸಂಘದ ಅಧ್ಯಕ್ಷೆ ಶಾಲು ಬಿಡಿಸಿ ಹಿಡಿದು ಮೈಕಿನಲ್ಲಿ ಹೇಳಿದರು: "ಇಷ್ಟು ವರ್ಷ ನಾವೆಲ್ಲ ಈ ತಾಯಿನ ತಪ್ಪು ತಿಳ್ಕೊಂಡಿದ್ವಿ. ಅಂಥ ಪಾತ್ರವನ್ನ ಇವರು ಮಾಡೇ ಇಲ್ಲ. ಮಲೆನಾಡಿನ ಹೆಣ್ಣುಮಗಳು ಎಲ್ಲೇ ಹೋಗ್ಲಿ, ಮರ್ಯಾದೆ ಬಿಡೋದಿಲ್ಲ ಅಂತ ತೋರಿಸಿಕೊಟ್ಟಿದ್ದಾರೆ."

ಶಾಲು ಹೆಗಲ ಹತ್ತಿರ ಬಂದಿತ್ತು. ಬಣ್ಣದತ್ತೆ ಅದನ್ನು ಕೈಯಲ್ಲಿ ತಡೆದರು. ನಾನು ನಾಚಿಕೆ ಎಂದುಕೊಂಡೆ. ಅವರು ಮೈಕನ್ನು ತಮ್ಮ ಕಡೆ ತಿರುಗಿಸಿಕೊಂಡರು.

"ನಾನು ಮಾಡದೇ ಇದ್ದಿದ್ದಕ್ಕೆ ಶಾಲು ಹೊದಿಸ್ತೀರಾ?" ಎಂದರು. "ಅದು ನಾನೇ. ನೀರಲ್ಲಿ ನಿಂತಿದ್ದು ನಾನೇ. ಯಾವ ಬ್ರೆಜಿಲ್ಲೂ ಅಲ್ಲ ಅದು, ನಮ್ಮ ಹುಲಿಕಲ್ ಘಾಟಿ. ಚಳಿಗಾಲ, ಬೆಳಗಿನ ಹೊತ್ತು. ದೆವ್ವದ ಪಾರ್ಟು ನಂದು. ನೀರು ಬಿದ್ದ ಕೂಡ್ಲೇ ನಡುಕ ಬಂತು. ಡೈರೆಕ್ಟ್ರು ಕೂಗಿದ್ರು, ದೆವ್ವ ನಡುಗಬಾರದು ಅಂತ. ನಡುಗ್ಲಿಲ್ಲ ನಾನು. ನಾಲಿಗೆ ಮೇಲಕ್ಕೆ ಒತ್ತಿ ಹಿಡ್ಕಂಡು, ಅವರು ಸಾಕು ಅನ್ನೋ ತನಕ ನಿಂತಿದ್ದೆ."

ಆಗ ಹಿಂದಿನ ಸಾಲಿನಿಂದ ಮುದುಕರೊಬ್ಬರು ಎದ್ದು ನಿಂತರು. ಮೊಮ್ಮಗಳ ಕುಣಿತ ನೋಡಲು ಹುಲಿಕಲ್ಲಿನಿಂದ ಬಂದವರು.

"ಹೌದ್ರೀ, ನಿಜ" ಎಂದರು. "ಅವತ್ತು ನಮ್ಮನೆ ಹಂಡೇಲೇ ನೀರು ಕಾಯಿಸಿ ಕೊಟ್ಟಿದ್ದು. ನಮ್ಮವ್ವ ಕಂಬಳಿ ಹೊದಿಸಿದ್ಲು."

ಬಣ್ಣದತ್ತೆ ಹಣೆಗೆ ಕೈ ಅಡ್ಡ ಹಿಡಿದು ಅವರನ್ನು ಹುಡುಕಿದರು. "ಆ ಕಂಬಳಿ ನಿಮ್ದಾ? ಭಾರೀ ಚುಚ್ತಿತ್ತು ಮಾರಾಯ್ರೆ!"

ಜನ ನಕ್ಕರು.

"ಇಷ್ಟು ವರ್ಷ ಯಾರಿಗೂ ಹೇಳ್ಲಿಲ್ವಾ ನೀವು?" ಎಂದು ಬಣ್ಣದತ್ತೆಯೇ ಕೇಳಿದರು.

"ಹೇಳೋದೆಂತ ಅದ್ರಲ್ಲಿ? ಮನಿಗೆ ಬಂದೋರು ನೀವು" ಎಂದು ಅವರು ಕೂತರು.

ಅಧ್ಯಕ್ಷೆ ಶಾಲನ್ನು ಮಡಿಸಬೇಕೋ ಬಿಡಬೇಕೋ ತಿಳಿಯದೆ ನನ್ನತ್ತ ತಿರುಗಿ, "ಇದು ನೀವೇ ಬರೆದಿದ್ದಲ್ವಾ ಮೇಡಂ?" ಎಂದರು. ಮೈಕು ಅದನ್ನೂ ಹಿಡಿದುಕೊಂಡಿತು. ಎಲ್ಲರ ಕಣ್ಣೂ ನನ್ನ ಮೇಲೆ. ನಾಲಿಗೆ ಮೇಲೆ ಹೋಗಿ ಅಂಟಿಕೊಂಡಿತು. ನಡುಕ ನಿಂತಿತು. ಆದರೆ ಆ ವಿದ್ಯೆ ಎಲ್ಲಿಯದು ಎಂದು ಆಗಷ್ಟೇ ಗೊತ್ತಾಗಿ, ಬೆನ್ನಿನಲ್ಲಿ ತಣ್ಣೀರು ಇಳಿದ ಹಾಗಾಯಿತು.

ಶಾಲು ಅವರು ಹೊದೆಯಲಿಲ್ಲ. "ಹಣ್ಣು ತಗೊಳ್ತೀನಿ, ಹಣ್ಣಿಗೆ ಎಂತ ದೋಷ?" ಎಂದು ಬುಟ್ಟಿ ಎತ್ತಿಕೊಂಡರು.

ಸಾಗರಕ್ಕೆ ಬರುವ ಬಸ್ಸಿನಲ್ಲಿ ಅವರು ಕಿಟಕಿಯ ಪಕ್ಕ, ತೊಡೆಯ ಮೇಲೆ ಬುಟ್ಟಿ. ಬಸ್ಸು ಹೊಸನಗರ ದಾಟಿದ ಮೇಲೆ ನನಗೆ ತಡೆಯಲಾಗಲಿಲ್ಲ.

"ನನಗೆ ಮೊದಲೇ ಹೇಳಬಹುದಿತ್ತು."

"ಹೇಳ್ಬೋದಿತ್ತು."

"ಓದಿ ತೋರಿಸಿದೆ. ಚೆನ್ನಾಗಿದೆ ಅಂದ್ರಿ."

"ಚೆನ್ನಾಗೇ ಇತ್ತು. ಬೇರೆ ಯಾರದ್ದೋ ಕಥೆ ಕೇಳ್ದಂಗೆ ಇತ್ತು. ನೀನು ಅಷ್ಟು ಖುಷೀಲಿ ಓದ್ತಿದ್ದೆ, ಎಂತ ಹೇಳೋದು ಅಂತ ಬಿಟ್ಟೆ. ಶಾಲು ಹತ್ರ ಬಂತಲ್ಲ, ಆಗ ತಡಿಯೋಕಾಗ್ಲಿಲ್ಲ."

"ಚಿಕ್ಕವಳಿದ್ದಾಗಿಂದ ನಿಮ್ಮ ಪರ ಜಗಳ ಆಡಿದ್ದೀನಿ ಅತ್ತೆ. ಎಲ್ಲರ ಎದುರಿಗೂ, ಅದು ಅವರಲ್ಲ, ಅವರಲ್ಲ ಅಂತ."

"ಅದೇ ಮತ್ತೆ." ಅವರು ನನ್ನ ಕಡೆ ತಿರುಗಿದರು. ಬಲಗಡೆಯ ಹುಬ್ಬು ಬೆವರಿಗೆ ಸ್ವಲ್ಪ ಕದಡಿತ್ತು. "ಅದು ಅವರಲ್ಲ ಅಂತ ಜಗಳ ಆಡಿದ್ಯೇ ಹೊರತು, ಅವರೇ ಆದ್ರೆ ಎಂತ ಅಂತ ಒಂದಿನಾನೂ ಆಡ್ಲಿಲ್ಲ."

ಸಿಟ್ಟಿನಲ್ಲಿ ಹೇಳಿದೆ: "ಬ್ರೆಜಿಲ್ ಅಂತ ಹೇಳಿದ್ದೇ ನೀವು. ಶಾಲೆಯಲ್ಲಿ, ನನಗೆ ನವಿಲಿನ ಬಣ್ಣ ಹಚ್ಚುವಾಗ."

"ನಾನಾ?" ಅವರಿಗೆ ನಿಜವಾಗಿ ಆಶ್ಚರ್ಯವಾಗಿತ್ತು. "ನೀನು ಕೇಳಿದ್ದು ನೆನಪಿದೆ. ನಾನು ಎಂತದೂ ಹೇಳ್ಲಿಲ್ವಲ್ಲ. ಹುಬ್ಬು ಬರೀತಿದ್ದೆ. ಬ್ರೆಜಿಲ್ ಎಲ್ಲಿದೆ ಅಂತಾನೇ ನಂಗೆ ನೀನು ಹೇಳಿದ ಮೇಲೆ ಗೊತ್ತಾಗಿದ್ದು."

ಬಸ್ಸು ಒಂದು ಕಡೆ ನಿಂತು ಜನ ಹತ್ತಿದರು. ಒಬ್ಬಳು ಮಗುವನ್ನು ಎತ್ತಿಕೊಂಡಿದ್ದಳು. ಬಣ್ಣದತ್ತೆ ಬುಟ್ಟಿಯಿಂದ ಒಂದು ಕಿತ್ತಳೆ ತೆಗೆದು ಆ ಮಗುವಿನ ಕೈಗಿಟ್ಟರು. ಆಮೇಲೆ ಕಿಟಕಿಯ ಹೊರಗೆ ನೋಡುತ್ತಲೇ ಹೇಳಿದರು, ದನಿ ಏರಿಸಲಿಲ್ಲ:

"ಆ ಬ್ರೆಜಿಲ್ ಹೆಂಗಸಿಗೆ ಎಷ್ಟೊಂದು ಸಿನಿಮಾ ಇದೆ ಅಂತ ನೀನೇ ತೋರಿಸ್ದೆ. ಅಜ್ಜಿ ಆದ ಮೇಲೂ ಪಾರ್ಟು ಮಾಡ್ತಾಳೆ. ನಂದು ಅಂತ ಇದ್ದಿದ್ದು ಅದೊಂದು ಸೀನು. ಮಿಕ್ಕಿದ್ದೆಲ್ಲ ಬರೀ ಕಿರುಚೋದು. ಆ ಒಂದನ್ನೂ ತೆಗೆದು ಅವಳಿಗೇ ಕೊಟ್ಬಿಟ್ಯಲ್ಲೇ."

ಮನೆಗೆ ಬಂದು ಅಮ್ಮನನ್ನು ಕೇಳಿದೆ. ಅಮ್ಮ ಒಗ್ಗರಣೆ ಕೆಳಗಿಟ್ಟು ಯೋಚಿಸಿದರು. "ನಾನು ಹೇಳಿರ್ಬೋದು. ನೀನು ಮೂರು ಹೊತ್ತೂ ಅವರ ಮನೇಲಿ ಇರ್ತಿದ್ದೆ. ಅಪ್ಪ ಬೇಡ ಅಂತಿದ್ರು. ನಿನ್ನ ಅಲ್ಲಿಗೆ ಕಳ್ಸೋಕೆ ಎಂತಾದ್ರೂ ಒಂದು ಹೇಳ್ಬೇಕಿತ್ತಲ್ಲ. ಫಾರಿನ್ ಹೆಂಗಸು ಅಂದಿರ್ಬೋದು. ಬ್ರೆಜಿಲ್ ಅಂತ ನನ್ನ ಬಾಯಲ್ಲಿ ಬರೂದಿಲ್ಲಪ್ಪ." ಆ ವರ್ಷ ನಮ್ಮ ಮನೆಗೆ ಟಿವಿ ಬಂದಿತ್ತು, ಅಣ್ಣ ಫುಟ್‌ಬಾಲ್ ನೋಡುತ್ತಿದ್ದ, ಅವನ ಬಾಯಿ ತುಂಬ ಬ್ರೆಜಿಲ್. ಹಾಗಾದರೆ ಆ ಮಾತಿಗೆ ಆ ದೇಶವನ್ನು ಅಂಟಿಸಿದ್ದು ನಾನೇ ಇರಬೇಕು. ಮಾತನ್ನು ಕೊಂಡೊಯ್ದು ಬಣ್ಣದತ್ತೆಯ ಬಾಯಿಗೆ ಅಂಟಿಸಿದ್ದೂ ನಾನೇ ಇರಬೇಕು. ಟಾಕೀಸಿನವರು ಮಾಡುತ್ತಿದ್ದದ್ದೂ ಇದನ್ನೇ ಅಲ್ಲವೇ ಎಂದು ಆ ದಿನದ ಡೈರಿಯಲ್ಲಿ ಬರೆದುಕೊಂಡೆ. ಬರೆದ ಮೇಲೂ ಸಿಟ್ಟು ಇಳಿಯಲಿಲ್ಲ.

ಯಾಕೆಂದರೆ ನೆನಪು ನನ್ನದೇ ಇರಲಿ, ಅವತ್ತು ಕಿರೀಟ ಅಂಟಿಸುತ್ತಾ ಕೂತವರು ಅವರು. ಒಂದು ಮಾತು ಹೇಳಿದ್ದರೆ ಲೇಖನ ಅಲ್ಲೇ ನಿಲ್ಲುತ್ತಿತ್ತು. ನಾನು ಹೊಸನಗರದ ವೇದಿಕೆಯ ಮೇಲೆ ಮೈಕಿನ ಮುಂದೆ ಬೆತ್ತಲೆ ನಿಲ್ಲುವುದು ತಪ್ಪುತ್ತಿತ್ತು. ನಾನು ಅವರ ಮಗಳ ಹಾಗಿದ್ದೆ, ಹಾಗಂತ ನಾನು ಅಂದುಕೊಂಡಿದ್ದೆ. ಮಗಳಿಗೆ ಹೇಳದ್ದನ್ನು ಊರಿಗೆ ಹೇಳಿದರು. ಈ ಹಳವಂಡವನ್ನು ಎಷ್ಟು ಕಡೆಯಿಂದ ತಿರುಗಿಸಿ ನೋಡಿದರೂ ಮೋಸ ಹೋದವಳು ನಾನು ಎನ್ನುವುದು ಆಗ ನನಗೆ ಹಗಲಿನಷ್ಟು ಸ್ಪಷ್ಟವಾಗಿತ್ತು. ಪತ್ರಿಕೆಯ ಸಂಪಾದಕರು ಫೋನ್ ಮಾಡಿ, ಒಂದು ತಿದ್ದುಪಡಿ ಬರೆದುಕೊಡಿ ಎಂದರು. ಕೊಡುತ್ತೇನೆ ಎಂದೆ. ಕೊಡಲಿಲ್ಲ. ಪಕ್ಕದ ಅಂಗಡಿಯ ಮುಂದೆ ಹಾದುಹೋಗುವಾಗ ಫೋನ್ ನೋಡುತ್ತಾ ನಡೆಯುವುದನ್ನು ರೂಢಿ ಮಾಡಿಕೊಂಡೆ. ಅವರೂ ಕರೆಯಲಿಲ್ಲ.

ಆ ವರ್ಷ ಡಿಸೆಂಬರಿನಲ್ಲಿ ತಂತಿಯ ಮೇಲೆ ಬಾಲಗಳು ಕಾಣಿಸಲಿಲ್ಲ. ಅಮ್ಮ ಹೇಳಿದರು, ಬಣ್ಣದತ್ತೆಗೆ ಹೊಟ್ಟೆಯಲ್ಲಿ ಗಡ್ಡೆಯಂತೆ, ಅವರ ಅಣ್ಣನ ಮಗಳು ಬಂದು ತೀರ್ಥಹಳ್ಳಿಗೆ ಕರೆದುಕೊಂಡು ಹೋದಳಂತೆ. ಹದಿನೈದು ದಿನ ಬಿಟ್ಟು ನಾನು ಹೋದೆ. ಕ್ಷಮಿಸಲು ಹೋದೆನೋ, ಕ್ಷಮೆ ಕೇಳಲು ಹೋದೆನೋ ಗೊತ್ತಿಲ್ಲ.

ಕಿಟಕಿಯ ಪಕ್ಕದ ಮಂಚದಲ್ಲಿ ಮಲಗಿದ್ದರು. ಹುಬ್ಬಿರಲಿಲ್ಲ. ಅದೇ ಮುಖ, ಬೆಚ್ಚಿಬಿದ್ದು ಹಾಗೇ ಉಳಿದದ್ದು. ನನ್ನನ್ನು ನೋಡಿ ಮೊದಲು ಕೇಳಿದ್ದು, "ತಿದ್ದಿ ಬರ್ದ್ಯಾ?"

"ಇಲ್ಲ."

"ಸಿಟ್ಟು ಇಳೀಲಿಲ್ವಾ ಇನ್ನೂ?"

"ಇಲ್ಲ ಅತ್ತೆ."

"ಇಳಿದ ಮೇಲೆ ಬರಿ. ಇಳೀದಿದ್ರೆ ಸಿಟ್ಟಲ್ಲೇ ಬರಿ. ಆದ್ರೆ ಬರಿ." ಅಣ್ಣನ ಮಗಳು ಕಾಫಿ ತರಲು ಒಳಗೆ ಹೋದ ಮೇಲೆ ದನಿ ತಗ್ಗಿಸಿದರು. "ಹೆಸರು ಹಾಕ್ಬೇಡ. ಇವಳ ಮಗಳಿಗೆ ಗಂಡು ನೋಡ್ತಿದ್ದಾರೆ. ಬಣ್ಣದತ್ತೆ ಅನ್ನು, ಸಾಕು. ಹುಲಿಕಲ್ ಅಂತ ಮಾತ್ರ ಸರಿಯಾಗಿ ಬರಿ."

ಆಮೇಲೆ ತಲೆದಿಂಬಿನ ಕೆಳಗಿನಿಂದ ಪೆನ್ಸಿಲ್ ತೆಗೆದು ನನ್ನ ಕೈಗೆ ಕೊಟ್ಟರು. ಸಂಜೆ ಊರಿನಿಂದ ಯಾರೋ ನೋಡಲು ಬರುವವರಿದ್ದರು. ನಾನು ಅವರ ಗಲ್ಲವನ್ನು ಎರಡು ಬೆರಳಲ್ಲಿ ಹಿಡಿದು ಮುಖ ಎತ್ತಿದೆ. ಎಡಗಡೆಯದು ಮೊದಲು ಬರೆದೆ. ಸರಿ ಬಂತು. ಬಲಗಡೆಯದಕ್ಕೆ ನನ್ನ ಕೈ ನಡುಗಿತು. ಅಣ್ಣನ ಮಗಳು ತಂದ ಸಣ್ಣ ಕನ್ನಡಿಯಲ್ಲಿ ನೋಡಿಕೊಂಡು, "ವಾರೆ ಆಯ್ತು. ಒರೆಸು. ಮತ್ತೆ ಬರಿ" ಎಂದರು. ಒರೆಸಿ ಮತ್ತೆ ಬರೆದೆ. ಅದೂ ವಾರೆಯಾಯಿತು. "ಇರ್ಲಿ ಬಿಡು. ಆ ಕಡೆ ತಿರುಗಿ ಮಲಗ್ತೀನಿ" ಎಂದರು.

ಅದೇ ಕೊನೆ. ಫೋನ್ ಬಂದಾಗ ನಾನು ಕ್ಲಾಸಿನಲ್ಲಿದ್ದೆ. ಹೋಗುವ ಹೊತ್ತಿಗೆ ಎಲ್ಲ ಮುಗಿದಿತ್ತು. ಅಂಗಡಿಯ ಉಡುಪುಗಳನ್ನು ಅಣ್ಣನ ಮಗಳು ಶಾಲೆಗಳಿಗೆ ಹಂಚಿದಳು. ನವಿಲಿನ ಗರಿಯ ಕಟ್ಟು ನಮ್ಮ ಮನೆಯ ಅಟ್ಟದಲ್ಲಿದೆ.

ನನ್ನ ಸಿಟ್ಟು ಪೂರ್ತಿ ಇಳಿದಿದೆ ಎಂದರೆ ಸುಳ್ಳಾಗುತ್ತದೆ. ಅಂಗಡಿಯಲ್ಲಿ ಅವರು ಹೇಳಬೇಕಿತ್ತು. ಈಗಲೂ ಹಾಗೇ ಅನ್ನಿಸುತ್ತದೆ. ಆದರೆ ಮೊನ್ನೆ ಆ ಎರಡು ತುಂಡುಗಳನ್ನು ಮತ್ತೆ ಪಕ್ಕಪಕ್ಕ ಇಟ್ಟು ನೋಡಿದೆ. ಬ್ರೆಜಿಲ್‌ನವಳ ಭುಜಗಳು ನಡುಗುತ್ತಿವೆ. ಅವರು ಹೇಳಿದ ಮೇಲೆ ಅದು ಕಾಣದೆ ಇರಲು ಸಾಧ್ಯವೇ ಇಲ್ಲ. ಆ ನಡುಕವನ್ನೂ ಅವಳು ಪಾತ್ರಕ್ಕೆ ಸೇರಿಸಿಕೊಂಡಿದ್ದಾಳೆ, ಒಳ್ಳೆಯ ನಟಿ. ಅವಳ ದೃಶ್ಯ ಅವಳದು.

ಇನ್ನೊಂದು ಹೀಗಿದೆ. ಕಪ್ಪು ಬಂಡೆಯ ಮೇಲಿನಿಂದ ನೀರು ಬೀಳುತ್ತಿದೆ. ಕೆಳಗೆ ಹೆಂಗಸೊಬ್ಬಳು ಬೆನ್ನು ಹಾಕಿ ನಿಂತಿದ್ದಾಳೆ. ಚಿತ್ರ ಮಸುಕು, ಆದರೆ ಭುಜ ಕಾಣುತ್ತದೆ, ಹಿಮ್ಮಡಿ ಕಾಣುತ್ತದೆ, ನೀರಿನ ಭಾರಕ್ಕೆ ಒಂದು ಕಡೆ ವಾಲಿದ ಕೂದಲು ಕಾಣುತ್ತದೆ. ಅವರು ಬಣ್ಣದತ್ತೆ. ಊರು ಹುಲಿಕಲ್. ಚಳಿಗಾಲದ ಬೆಳಗು. ಎಷ್ಟು ಸಲ ನಿಲ್ಲಿಸಿ ನೋಡಿದರೂ, ಅವರು ನಡುಗುತ್ತಿಲ್ಲ.